ಮಗುವಿನ ಪರವಾಗಿ ಒಂದು ವಕಾಲತ್ತು

ವಿಜಯಪುರದ ಜಿಲ್ಲಾ ನ್ಯಾಯಾಲಯದಲ್ಲಿ ವಕೀಲಿ ಮಾಡುತ್ತ ನನಗೆ ಇಪ್ಪತ್ತೇಳು ವರ್ಷಗಳಾದವು. ಇಷ್ಟು ವರ್ಷಗಳಲ್ಲಿ ನನ್ನ ಲೆಕ್ಕದ ತಪ್ಪನ್ನು ಎದುರು ಪಕ್ಷದ ವಕೀಲರು ಹಿಡಿದದ್ದುಂಟು, ನ್ಯಾಯಾಧೀಶರಿಂದಲೇ ತಿದ್ದಿಸಿಕೊಂಡದ್ದೂ ಉಂಟು. ಆದರೆ ಐದನೆಯ ತರಗತಿಯ ಹುಡುಗಿಯೊಬ್ಬಳು ಹಿಡಿದದ್ದು ಒಂದೇ ಸಲ, 2015ರಲ್ಲಿ.

ಇಂಡಿ ತಾಲ್ಲೂಕಿನ ಹಳ್ಳಿಯೊಂದರ ಕೂಲಿಕಾರರೊಬ್ಬರು, ರಸ್ತೆ ಅಪಘಾತದಲ್ಲಿ ತೀರಿಕೊಂಡ ತಮ್ಮನ ಹೆಂಡತಿ ಮಕ್ಕಳಿಗೆ ಪರಿಹಾರ ಸಿಗಬೇಕೆಂದು ನನ್ನಲ್ಲಿಗೆ ಬಂದಿದ್ದರು. ಮೃತನ ವಯಸ್ಸು 34. ತಿಂಗಳ ದುಡಿಮೆ 8,000 ರೂಪಾಯಿ ಎಂದು ಹಿಡಿದಿದ್ದೆವು. ಇಂಥ ಪ್ರಕರಣಗಳಲ್ಲಿ ವರ್ಷದ ಆದಾಯದಿಂದ ಮೃತನ ಸ್ವಂತ ಖರ್ಚಿನ ಪಾಲನ್ನು ಕಳೆದು, ಉಳಿದದ್ದನ್ನು ವಯಸ್ಸಿಗೆ ತಕ್ಕ ಗುಣಕದಿಂದ ಗುಣಿಸುವ ಕ್ರಮವನ್ನು ಸುಪ್ರೀಂ ಕೋರ್ಟು 2009ರ ತೀರ್ಪೊಂದರಲ್ಲಿ ಗೊತ್ತುಪಡಿಸಿದೆ. ಅವಲಂಬಿತರು ನಾಲ್ವರಿದ್ದುದರಿಂದ 96,000ದಲ್ಲಿ ಕಾಲು ಭಾಗ ಹೋಗಿ 72,000 ಉಳಿಯಿತು, ಗುಣಕ 16. ನಾನು ಬಾಯಲ್ಲಿ ಹೇಳಿಕೊಳ್ಳುತ್ತ ಹಾಳೆಯ ಮೇಲೆ 10,52,000 ಎಂದು ಬರೆದೆ. ಬಾಗಿಲ ಬಳಿಯ ಬೆಂಚಿನಲ್ಲಿ ಪುಟ್ಟ ತಂಗಿಯನ್ನು ತೊಡೆಯ ಮೇಲೆ ಕೂಡಿಸಿಕೊಂಡಿದ್ದ ಹುಡುಗಿ ತಂದೆಯ ಕಡೆ ಬಾಗಿ, “ಅಪ್ಪಾ, ಹನ್ನೊಂದು ಲಕ್ಷ ಆಗ್ತೈತಿ. ಸಾಹೇಬ್ರು ಒಂದು ಲಕ್ಷ ಕಡಿಮಿ ಬರದಾರ” ಎಂದು ಮೆಲ್ಲಗೆ ಹೇಳಿದಳು. ತಂದೆ ಗಾಬರಿಯಾಗಿ ಅವಳನ್ನು ಗದರಿದರು. ನಾನು ಮತ್ತೆ ಗುಣಿಸಿ ನೋಡಿದೆ. 11,52,000.

ಹೇಗೆ ಮಾಡಿದೆ ಎಂದು ಕೇಳಿದೆ. “ಎಪ್ಪತ್ತೆರಡು ಹತ್ತಲೆ ಏಳ್ನೂರಾ ಇಪ್ಪತ್ತು, ಆರಲೆ ನಾನೂರಾ ಮೂವತ್ತೆರಡ್ರಿ. ಎರಡೂ ಕೂಡಿಸೀನ್ರಿ” ಎಂದಳು. ಕೈಯಲ್ಲಿ ಪೆನ್ಸಿಲ್ ಇರಲಿಲ್ಲ. ಎರಡೂ ಕೈಗಳು ತಂಗಿಯನ್ನು ಹಿಡಿದುಕೊಂಡಿದ್ದವು.

ಅವಳ ತಂದೆ ಹೊರಡುವಾಗ ಹೇಳಿದ ಮಾತು ನನ್ನಲ್ಲಿ ಇನ್ನೂ ಉಳಿದಿದೆ. “ಶಾಣ್ಯಾ ಅದಾಳ್ರೀ ಸಾಹೇಬ್ರ. ಮಾಸ್ತರೂ ಅದನ್ನ ಅಂತಾರ. ಆದ್ರ ದೀಪಾವಳಿ ಆದ ಮ್ಯಾಲ ನಾವು ಕಬ್ಬು ಕಡಿಯಾಕ ಹೋಗ್ತೀವ್ರಿ, ಸಣ್ಣ ಕೂಸನ್ನ ನೋಡಾವ್ರು ಯಾರೂ ಇಲ್ರಿ.” ಮುಕಾದಮನಿಂದ ಮುಂಗಡ ಪಡೆದ ಮೇಲೆ ಹೋಗದೆ ಇರುವಂತಿಲ್ಲ. ನಮ್ಮ ಜಿಲ್ಲೆಯ ಹಳ್ಳಿ ಮತ್ತು ತಾಂಡಾಗಳಿಂದ ಪ್ರತಿ ವರ್ಷ ಕುಟುಂಬಗಳು ಹೀಗೆ ಮಹಾರಾಷ್ಟ್ರದ ಕಬ್ಬಿನ ಗದ್ದೆಗಳಿಗೆ, ಗೋವೆಯ ಕಟ್ಟಡ ಕೆಲಸಕ್ಕೆ ಗುಳೆ ಹೋಗುತ್ತವೆ. ಹಿಂಗಾರಿ ಜೋಳ ಎದೆಯೆತ್ತರ ಬೆಳೆಯುವ ಹೊತ್ತಿಗೆ ಶಾಲೆಯ ಹಾಜರಿ ಪುಸ್ತಕದಲ್ಲಿ ಖಾಲಿ ಮನೆಗಳು ಸಾಲುಗಟ್ಟುತ್ತವೆ.

ನಾನು ಆ ವರ್ಷ ಒಂದು ಒಳ್ಳೆಯ ಕೆಲಸ ಮಾಡಿದೆನೆಂದೇ ತಿಳಿದಿದ್ದೆ. ಜವಾಹರ ನವೋದಯ ವಿದ್ಯಾಲಯದ ಪ್ರವೇಶ ಪರೀಕ್ಷೆಗೆ ಅವಳ ಅರ್ಜಿಯನ್ನು ಮುಖ್ಯೋಪಾಧ್ಯಾಯರೊಡನೆ ಕೂತು ತುಂಬಿಸಿದೆ. ನವೋದಯವೆಂದರೆ ನಮ್ಮ ಕಡೆಯ ಬಡ ಪಾಲಕರ ಕಣ್ಣಿಗೆ ದೊಡ್ಡ ಕನಸು: ಆರನೆಯ ತರಗತಿಯಿಂದ ಹನ್ನೆರಡರವರೆಗೆ ವಸತಿ ಸಹಿತ ಶಿಕ್ಷಣ, ಒಂದು ಶಾಲೆಗೆ ವರ್ಷಕ್ಕೆ ಹೆಚ್ಚೆಂದರೆ 80 ಮಕ್ಕಳು, ಅದರಲ್ಲಿ ಕನಿಷ್ಠ ಶೇಕಡಾ 75 ಸೀಟುಗಳು ಗ್ರಾಮೀಣ ಮಕ್ಕಳಿಗೆ, ಮೂರನೆಯ ಒಂದು ಭಾಗ ಹೆಣ್ಣುಮಕ್ಕಳಿಗೆ. ನಿಯಮಗಳಲ್ಲಿ ಇನ್ನೊಂದು ಸಾಲು ಇದೆ. ಒಂದು ಮಗು ಈ ಪರೀಕ್ಷೆಯನ್ನು ಎರಡನೆಯ ಸಲ ಬರೆಯುವಂತಿಲ್ಲ. ಐದನೆಯ ತರಗತಿಯ ಆ ಒಂದು ವರ್ಷ ತಪ್ಪಿದರೆ ಆರನೆಯ ತರಗತಿಯ ಆ ಬಾಗಿಲು ಮುಚ್ಚಿದ ಹಾಗೆಯೇ. ಪರೀಕ್ಷೆಯ ದಿನ ಅವಳು ಸಾಂಗ್ಲಿಯ ಕಡೆಯ ಒಂದು ಕಬ್ಬಿನ ಗದ್ದೆಯ ಬದುವಿನಲ್ಲಿ, ಸೀರೆಯ ಜೋಳಿಗೆಯಲ್ಲಿ ಮಲಗಿದ್ದ ತಂಗಿಯನ್ನು ತೂಗುತ್ತ ಕುಳಿತಿದ್ದಳು. ಪ್ರವೇಶಪತ್ರ ಶಾಲೆಯ ಕಪಾಟಿನಲ್ಲಿತ್ತು. ಅರ್ಜಿ ತುಂಬಿದ ನಾನು, ಆ ಮಗುವನ್ನು ಪರೀಕ್ಷಾ ಕೇಂದ್ರಕ್ಕೆ ಯಾರು ಕರೆತರುತ್ತಾರೆಂದು ಯಾರನ್ನೂ ಕೇಳಿರಲಿಲ್ಲ. ಬೇಸಿಗೆಯಲ್ಲಿ ಅವಳ ತಂದೆ ಕೋರ್ಟಿಗೆ ಬಂದಾಗ ವಿಷಯ ತಿಳಿದು, ಆ ದಿನ ನನಗೆ ಯಾವ ಕೆಲಸವೂ ಕೈಗೆ ಹತ್ತಲಿಲ್ಲ.

ಕೆಲವು ವರ್ಷಗಳ ಬಳಿಕ ಅಮೆರಿಕದ ಒಬ್ಬ ವಕೀಲರ ವಿಷಯ ನನಗೆ ತಿಳಿಯಿತು. ಅವರ ಹೆಸರು ಎರಿಕ್ ಐಸ್ನರ್. ಲಾಸ್ ಏಂಜಲೀಸಿನಲ್ಲಿ ಮನರಂಜನಾ ಕ್ಷೇತ್ರದ ವಕೀಲರಾಗಿದ್ದವರು. ಡೇವಿಡ್ ಗೆಫೆನ್ ಅವರ ಸಿನಿಮಾ ಮತ್ತು ಸಂಗೀತ ಉದ್ಯಮದ ಗೆಫೆನ್ ಕಂಪನಿಗೆ ಅಧ್ಯಕ್ಷರೂ ಆಗಿದ್ದರು. ಆ ಬದುಕಿನಿಂದ ಹೊರಬಂದ ಮೇಲೆ, 1998ರಲ್ಲಿ, ಲೆನಾಕ್ಸ್ ಎಂಬ ಬಡವರ ಬಡಾವಣೆಯ ಶಾಲೆಯಲ್ಲಿ ಅವರು ಒಂದು ಕೆಲಸ ಆರಂಭಿಸಿದರು. ಲೆನಾಕ್ಸ್ ಇರುವುದು ಲಾಸ್ ಏಂಜಲೀಸ್ ವಿಮಾನ ನಿಲ್ದಾಣಕ್ಕೆ ಇಳಿಯುವ ವಿಮಾನಗಳ ದಾರಿಯ ಕೆಳಗೆ. ಅಲ್ಲಿ ವಾಸಿಸುವವರಲ್ಲಿ ಹೆಚ್ಚಿನವರು ಮೆಕ್ಸಿಕೊ ಮುಂತಾದ ಕಡೆಗಳಿಂದ ದುಡಿಯಲು ಬಂದ ಕುಟುಂಬಗಳವರು. ಆ ಶಾಲೆಯಲ್ಲಿ ಅಸಾಧಾರಣವಾಗಿ ಚುರುಕಾದ ಮಕ್ಕಳನ್ನು ಹುಡುಕಿ, ಅದೇ ನಗರದ ಶ್ರೀಮಂತರ ಮಕ್ಕಳು ಓದುವ ಖಾಸಗಿ ಶಾಲೆಗಳಲ್ಲಿ ಅವರಿಗೆ ಸೀಟು ಮತ್ತು ಶುಲ್ಕದ ನೆರವು ದೊರೆಯುವಂತೆ ಮಾಡುವುದು ಐಸ್ನರ್ ಅವರು ಹಿಡಿದ ಕೆಲಸ. ಯಂಗ್ ಐಸ್ನರ್ ಸ್ಕಾಲರ್ಸ್ ಎಂಬ ಹೆಸರಿನ ಆ ಸಂಸ್ಥೆ ಮುಂದೆ ನ್ಯೂಯಾರ್ಕ್, ಶಿಕಾಗೊಗಳಿಗೂ, ಅಪಲಾಚಿಯದ ಗುಡ್ಡಗಾಡಿನ ಹಳ್ಳಿಗಳಿಗೂ ಹಬ್ಬಿತು. ಆಯ್ದುಕೊಂಡ ಮಗುವಿನ ಜೊತೆ ಅವರು ಕಾಲೇಜು ಮುಗಿಯುವವರೆಗೂ ಇರುತ್ತಾರೆ.

ಹಣವಂತರು ಶಾಲೆಗಳಿಗೆ ದಾನ ಕೊಡುವುದು ಹೊಸದಲ್ಲ. ನನ್ನನ್ನು ಹಿಡಿದು ನಿಲ್ಲಿಸಿದ್ದು ಆತ ಯಾವ ವೃತ್ತಿಯಿಂದ ಬಂದವರು ಎಂಬ ಸಂಗತಿ. ಮನರಂಜನಾ ಕ್ಷೇತ್ರದ ವಕೀಲರು ಮಾಡುವ ಕೆಲಸವನ್ನು ನಾವು ಸಿವಿಲ್, ಕ್ರಿಮಿನಲ್ ವಕೀಲರು ದೂರದಿಂದಷ್ಟೇ ಬಲ್ಲೆವು. ಯಾರಿಗೂ ಗೊತ್ತಿಲ್ಲದ ಒಬ್ಬ ಹಾಡುಗಾರ, ಒಬ್ಬ ಬರಹಗಾರ್ತಿ ಅವರ ಮುಂದೆ ಬಂದು ಕೂರುತ್ತಾರೆ. ಪ್ರತಿಭೆ ಇವರದು, ಆದರೆ ಕರಾರುಪತ್ರ ಬರೆಸುವುದು ಕಂಪನಿ. ಯಾವ ಹಕ್ಕನ್ನು ಎಷ್ಟು ವರ್ಷಕ್ಕೆ ಬಿಟ್ಟುಕೊಡುತ್ತಿದ್ದೇವೆ, ರಾಯಧನ ಯಾವ ಮೊತ್ತದ ಮೇಲೆ ಲೆಕ್ಕವಾಗುತ್ತದೆ ಎಂಬುದೆಲ್ಲ ಹತ್ತನೆಯ ಪುಟದ ಸಣ್ಣ ಅಕ್ಷರಗಳಲ್ಲಿರುತ್ತದೆ. ಅದನ್ನು ಓದಬಲ್ಲ ಒಬ್ಬರು ಕಲಾವಿದನ ಮಗ್ಗುಲಲ್ಲಿ ಇದ್ದರೆ ಅವನ ಬದುಕು ಒಂದು ಬಗೆ, ಇಲ್ಲದಿದ್ದರೆ ಇನ್ನೊಂದು ಬಗೆ.

ಈ ಮಾತು ವಿಜಯಪುರದವರಿಗೆ ಅಪರಿಚಿತವಾಗಬೇಕಿಲ್ಲ. ನಮ್ಮೂರಿನ ಅಮೀರ್ ಟಾಕೀಸಿಗೆ ಹೆಸರು ಕೊಟ್ಟ ಅಮೀರ್‌ಬಾಯಿ ಕರ್ನಾಟಕಿ ಬೀಳಗಿಯವರು. 1940ರ ದಶಕದಲ್ಲಿ ಅವರ ದನಿ ದೇಶದ ತುಂಬ ಮೊಳಗಿತ್ತು. ಆ ಕಾಲದ ಹಾಡುಗಾರರಿಗೆ ತಮ್ಮ ದನಿಯ ಮೇಲೆ ಕಾನೂನಿನ ಹಕ್ಕು ಇರಲಿಲ್ಲ. ನಮ್ಮ ಕೃತಿಸ್ವಾಮ್ಯ ಕಾಯ್ದೆಗೆ ಪ್ರದರ್ಶಕ ಕಲಾವಿದರ ಹಕ್ಕು ಸೇರಿದ್ದು 1994ರ ತಿದ್ದುಪಡಿಯಲ್ಲಿ. ಸಿನಿಮಾದ ಗೀತರಚನಕಾರರು ಮತ್ತು ಸಂಗೀತ ನಿರ್ದೇಶಕರು ಚಿತ್ರಮಂದಿರದ ಹೊರಗಿನ ಬಳಕೆಗೆ ತಮಗೆ ಬರಬೇಕಾದ ರಾಯಧನದ ಸಮಪಾಲನ್ನು ಬರೆದುಕೊಡಲಾಗದಂತೆ ಕಾನೂನು ಕಾವಲಿಟ್ಟದ್ದು 2012ರಲ್ಲಿ. ಅಮೀರ್‌ಬಾಯಿ ತೀರಿಕೊಂಡದ್ದು 1965ರಲ್ಲಿ. ಟಾಕೀಸಿನ ಮುಂದೆ ಹಾಯುವಾಗಲೆಲ್ಲ ನನಗೆ ಈ ವರ್ಷಗಳ ಅಂತರ ನೆನಪಾಗುತ್ತದೆ. ಉತ್ತರ ಕರ್ನಾಟಕದ ನಾಟಕ ಕಂಪನಿಗಳಲ್ಲಿ ಬಣ್ಣ ಹಚ್ಚಿ, ಹಾಡಿ, ಮುಪ್ಪಿನಲ್ಲಿ ಮಾಸಾಶನದ ಅರ್ಜಿ ಹಿಡಿದು ಬಂದ ಕಲಾವಿದರನ್ನು ನಾನೇ ನನ್ನ ಕೋಣೆಯಲ್ಲಿ ಕಂಡಿದ್ದೇನೆ.

ಐಸ್ನರ್ ತಮ್ಮ ವೃತ್ತಿಯನ್ನು ಬಿಟ್ಟು ಬೇರೆ ಕೆಲಸಕ್ಕೆ ಹೋದರೆಂದು ನನಗೆ ಅನ್ನಿಸುವುದಿಲ್ಲ. ಕಕ್ಷಿದಾರರನ್ನು ಮಾತ್ರ ಬದಲಿಸಿಕೊಂಡರು. ಲೋಕ ಇನ್ನೂ ಗುರುತಿಸದ ಪ್ರತಿಭೆಯನ್ನು ಮೊದಲೇ ಗುರುತಿಸುವುದು, ಬಾಗಿಲ ಹಿಂದೆ ಕುಳಿತವರ ಭಾಷೆಯಲ್ಲಿ ಅವರೊಡನೆ ಮಾತಾಡುವುದು, ಷರತ್ತುಗಳನ್ನು ಕೊನೆಯ ಸಾಲಿನವರೆಗೆ ಓದುವುದು ಸಿನಿಮಾ ತಾರೆಗೂ ಬೇಕು, ಲೆನಾಕ್ಸಿನ ಹನ್ನೊಂದು ವರ್ಷದ ಮಗುವಿಗೂ ಬೇಕು. ಖಾಸಗಿ ಶಾಲೆಯ ಪ್ರವೇಶವೆಂದರೆ ಅಲ್ಲಿಯೂ ಒಂದು ಬಗೆಯ ಕರಾರೇ. ಶ್ರೀಮಂತರ ಮಗುವಿನ ಪರವಾಗಿ ಆ ಕರಾರನ್ನು ಅದರ ತಂದೆ ತಾಯಿ ಆಡಿ ಮುಗಿಸಿರುತ್ತಾರೆ. ಕೂಲಿಕಾರನ ಮಗುವಿನ ಪರವಾಗಿ ಆಡುವವರು ಯಾರೂ ಇರುವುದಿಲ್ಲ.

ನಮ್ಮಲ್ಲಿ ಇದಕ್ಕೆ ಒಂದು ಹಳೆಯ ಶಬ್ದವಿದೆ, ವಕಾಲತ್ತು. ಕಕ್ಷಿದಾರ ವಕಾಲತ್ತುನಾಮೆಗೆ ಸಹಿ ಮಾಡಿ, ನಾನೂ ಸಹಿ ಮಾಡಿ ನ್ಯಾಯಾಲಯಕ್ಕೆ ಕೊಟ್ಟ ದಿನದಿಂದ ಆ ಪ್ರಕರಣದ ಪ್ರತಿ ತಾರೀಖಿಗೆ ನಾನು ಹೊಣೆಗಾರ. ಕಕ್ಷಿದಾರ ಮರೆತರೂ ನಾನು ಮರೆಯುವಂತಿಲ್ಲ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯ 12ನೆಯ ಕಲಮು ಪ್ರತಿಯೊಂದು ಮಗುವಿಗೂ, ಅದರ ಮನೆಯ ಆದಾಯ ಎಷ್ಟೇ ಇರಲಿ, ಉಚಿತ ಕಾನೂನು ನೆರವಿನ ಹಕ್ಕನ್ನು ಕೊಟ್ಟಿದೆ. ಹಾಗಾಗಿ ಕಟಕಟೆಗೆ ಬಂದ ಮಗುವಿಗೆ ಒಬ್ಬ ವಕೀಲ ಸಿಗುತ್ತಾನೆ. ಅದೇ ಮಗು ನಾಡಕಚೇರಿಯ ಕಿಟಕಿಯ ಮುಂದೆ, ಬ್ಯಾಂಕಿನ ಸರದಿಯಲ್ಲಿ, ಪರೀಕ್ಷಾ ಕೇಂದ್ರದ ಗೇಟಿನ ಹೊರಗೆ ನಿಂತಾಗ ಅದರ ಪರವಾಗಿ ನಿಲ್ಲುವವರು ಇಲ್ಲ. ನಾನು 2015ರಲ್ಲಿ ಆ ಹುಡುಗಿಗಾಗಿ ಮಾಡಿದ್ದು ಒಂದು ಅರ್ಜಿ ಬರೆದುಕೊಟ್ಟದ್ದು ಅಷ್ಟೆ. ವಕಾಲತ್ತು ಹಾಕಿರಲಿಲ್ಲ.

ವಿಜಯಪುರದಲ್ಲಿ ಕುಳಿತು ವಕೀಲರ ಶಿಕ್ಷಣ ಸೇವೆಯ ಬಗ್ಗೆ ಬರೆಯುವವನಿಗೆ ಅಮೆರಿಕಕ್ಕಿಂತ ಮೊದಲು ನೆನಪಾಗಬೇಕಾದವರು ಫ. ಗು. ಹಳಕಟ್ಟಿ. ಅವರ ಹೆಸರು ಹೇಳಿದೊಡನೆ ವಚನ ಸಾಹಿತ್ಯ ನೆನಪಾಗುತ್ತದೆ, ಆಗಲೇಬೇಕು. ತಾಳೆಗರಿಗಳನ್ನು ಮನೆಮನೆ ಅಲೆದು ಕೂಡಿಸಿ, 1923ರಲ್ಲಿ ಮೊದಲ ದೊಡ್ಡ ಸಂಕಲನವನ್ನು ಬೆಳಗಾವಿಯಲ್ಲಿ ಅಚ್ಚು ಹಾಕಿಸಿ, ಮುಂದೆ ತಮ್ಮದೇ ಮುದ್ರಣಾಲಯ ನಡೆಸಲು ಇದ್ದ ಮನೆಯನ್ನೂ ಮಾರಿದವರು ಅವರು. ಆದರೆ ಅವರು ಹೊಟ್ಟೆಪಾಡಿಗೆ ಈ ಊರಿನ ವಕೀಲರು. ವಕೀಲಿಗೆ ನಿಂತು ಕೆಲವೇ ವರ್ಷಗಳಲ್ಲಿ, 1910ರಲ್ಲಿ, ಇನ್ನೂ ಮೂವತ್ತರ ವಯಸ್ಸಿನಲ್ಲಿ, ಅವರು ಕಟ್ಟಿದ ವಿದ್ಯಾಸಂಸ್ಥೆ ಇಂದು ಬಿಎಲ್‌ಡಿಇ ಎಂಬ ಹೆಸರಿನಲ್ಲಿ ಶಾಲೆ, ಕಾಲೇಜು, ವೈದ್ಯಕೀಯ ವಿದ್ಯಾಲಯಗಳಾಗಿ ಬೆಳೆದು ನಿಂತಿದೆ. 1912ರಲ್ಲಿ ಸಿದ್ಧೇಶ್ವರ ಬ್ಯಾಂಕು. ಶಾಲೆಗೂ ಸಾಲಕ್ಕೂ ಇರುವ ನಂಟನ್ನು ಅವರು ಅಷ್ಟು ಬೇಗ ಕಂಡುಕೊಂಡಿದ್ದರೆಂಬುದು ನನಗೆ ಇಂದಿಗೂ ಬೆರಗು. ರೈತನ ಮಗ ಶಾಲೆ ಬಿಡುವುದು ಬುದ್ಧಿ ಸಾಲದೆ ಅಲ್ಲ, ಸಾಹುಕಾರನ ಬಡ್ಡಿಗೆ ಅವನ ದುಡಿಮೆ ಬೇಕಾಗಿರುತ್ತದೆ ಎಂಬುದನ್ನು ದಾವೆಗಳ ಕಾಗದ ಓದಿದ ವಕೀಲನಿಗಿಂತ ಚೆನ್ನಾಗಿ ಬಲ್ಲವರು ಯಾರು? ಕಬ್ಬಿನ ಗ್ಯಾಂಗಿನ ಮುಂಗಡ ಇಂದಿಗೂ ಅದೇ ಕೆಲಸ ಮಾಡುತ್ತಿದೆ.

ಬೆಳಗಾವಿಯಲ್ಲಿಯೂ 1939ರಲ್ಲಿ ವಕೀಲರೇ ಸೇರಿ ಕರ್ನಾಟಕ ಕಾನೂನು ಸಂಸ್ಥೆಯನ್ನು ಕಟ್ಟಿದರು. ಅದರ ಕಾಲೇಜಿಗೆ ವಂಟಮುರಿಯ ರಾಜಾ ಲಖಮಗೌಡ ಸರದೇಸಾಯಿಯವರ ಹೆಸರಿದೆ. ನಾನು ಕಾನೂನು ಓದಿದ್ದು ಅಲ್ಲಿಯೇ. ಹಾಗಾಗಿ ನನ್ನ ಅನ್ನಕ್ಕೂ ಯಾರೋ ವಕೀಲರ ಶಿಕ್ಷಣ ದಾನದ ಋಣವಿದೆ.

ಹಳಕಟ್ಟಿಯವರ ದಾರಿಗೂ ಐಸ್ನರ್ ಅವರ ದಾರಿಗೂ ದೊಡ್ಡ ವ್ಯತ್ಯಾಸವಿದೆ. ಒಬ್ಬರು ಎಲ್ಲರಿಗಾಗಿ ಶಾಲೆ ಕಟ್ಟಿದರು, ಇನ್ನೊಬ್ಬರು ಒಂದು ಬಡ ಶಾಲೆಯಿಂದ ಕೆಲವು ಮಕ್ಕಳನ್ನು ಎತ್ತಿ ಸಿರಿವಂತರ ಶಾಲೆಗೆ ಸೇರಿಸಿದರು. ಎರಡನೆಯದರಲ್ಲಿ ನನ್ನನ್ನು ಕಾಡುವ ಒಂದು ಪ್ರಶ್ನೆಯಿದೆ. ತರಗತಿಯ ಅತ್ಯಂತ ಚುರುಕಾದ ನಾಲ್ಕು ಮಕ್ಕಳು ಹೊರಟುಹೋದ ಮೇಲೆ ಉಳಿದ ಮೂವತ್ತು ಮಕ್ಕಳ ಪಾಡೇನು, ಆ ಶಾಲೆಯ ಶಿಕ್ಷಕರ ಹುರುಪೇನು? ಇದೇ ಪ್ರಶ್ನೆ ನಮ್ಮ ರಾಜ್ಯದಲ್ಲಿಯೂ ಎದ್ದಿತ್ತು. 2009ರ ಶಿಕ್ಷಣ ಹಕ್ಕು ಕಾಯ್ದೆ ಖಾಸಗಿ ಶಾಲೆಗಳಲ್ಲಿ ಶೇಕಡಾ 25 ಸೀಟುಗಳನ್ನು ದುರ್ಬಲ ವರ್ಗದ ಮಕ್ಕಳಿಗೆ ಮೀಸಲಿಟ್ಟಿತು. ನಮ್ಮ ಸರಕಾರ 2019ರಲ್ಲಿ ನಿಯಮ ಬದಲಿಸಿ, ನೆರೆಹೊರೆಯಲ್ಲಿ ಸರಕಾರಿ ಅಥವಾ ಅನುದಾನಿತ ಶಾಲೆ ಇದ್ದಲ್ಲಿ ಖಾಸಗಿ ಶಾಲೆಗೆ ಆ ಹೊಣೆಯಿಲ್ಲವೆಂದಿತು. ಸರಕಾರಿ ಶಾಲೆಗಳು ಬರಿದಾಗುತ್ತಿವೆ, ಬೊಕ್ಕಸದ ಹಣ ಖಾಸಗಿ ಶಾಲೆಗಳಿಗೆ ಹರಿಯುತ್ತಿದೆ ಎಂಬ ವಾದದಲ್ಲಿ ಹುರುಳಿತ್ತು. ಆದರೆ ಆ ಬಾಗಿಲನ್ನು ಕಿರಿದಾಗಿಸಿದ ಕೈಗಳು ಸರಕಾರಿ ಶಾಲೆಯ ಬಾಗಿಲನ್ನು ಅಷ್ಟೇ ಅವಸರದಿಂದ ದೊಡ್ಡದು ಮಾಡಲಿಲ್ಲ. ನನ್ನ ಅಭಿಪ್ರಾಯ ಕೇಳಿದರೆ, ಹಳಕಟ್ಟಿಯವರ ದಾರಿಯೇ ದೊಡ್ಡದು. ಶಾಲೆ ಕಟ್ಟದೆ ಮಕ್ಕಳನ್ನು ಆಯುವುದು ಬಾವಿ ತೋಡದೆ ಕೊಡ ಹಂಚಿದಂತೆ. ಆದರೂ ಬಾವಿ ಇದ್ದ ಊರಿನಲ್ಲಿಯೇ ನೀರು ಮುಟ್ಟದ ಮಗುವನ್ನು ನಾನು ಕಣ್ಣಾರೆ ಕಂಡಿದ್ದೇನೆ. ನವೋದಯ ಇತ್ತು, ಸೀಟು ಇತ್ತು, ಅರ್ಜಿಯೂ ಇತ್ತು. ಕರೆದುಕೊಂಡು ಹೋಗುವವರು ಮಾತ್ರ ಇರಲಿಲ್ಲ.

ಹುಡುಗಿ ಎಂಟನೆಯ ತರಗತಿಗೆ ಬಂದಾಗ ಮತ್ತೊಂದು ಅವಕಾಶ ಬಂತು. ಶಿಕ್ಷಕರು ಎನ್‌ಎಂಎಂಎಸ್ ಎಂದು ಕರೆಯುವ ಕೇಂದ್ರ ಸರಕಾರದ ವಿದ್ಯಾರ್ಥಿವೇತನದ ಪರೀಕ್ಷೆ ಅದು. ಸರಕಾರಿ ಮತ್ತು ಅನುದಾನಿತ ಶಾಲೆಗಳ ಎಂಟನೆಯ ತರಗತಿಯ ಮಕ್ಕಳು ಬರೆಯಬಹುದು. ಆಯ್ಕೆಯಾದರೆ ಒಂಬತ್ತರಿಂದ ಹನ್ನೆರಡನೆಯ ತರಗತಿಯವರೆಗೆ ವರ್ಷಕ್ಕೆ 12,000 ರೂಪಾಯಿ. ಕುಟುಂಬದ ಆದಾಯ ಆಗ ಒಂದೂವರೆ ಲಕ್ಷ ಮೀರಬಾರದಿತ್ತು, ಈಗ ಮೂರೂವರೆ ಲಕ್ಷ. ಈ ಸಲ ಅರ್ಜಿಗೆ ಮೊದಲು ನಾನು ಅವಳ ಹಳ್ಳಿಗೆ ಹೋದೆ. ಗುಳೆಯ ತಿಂಗಳುಗಳಲ್ಲಿ ಅವಳು ತಾಯಿಯ ತವರಿನಲ್ಲಿ, ಅಜ್ಜಿಯ ಹತ್ತಿರ ಇರುವುದೆಂದೂ, ತಂಗಿಯೂ ಅಲ್ಲಿಯೇ ಅಂಗನವಾಡಿಗೆ ಹೋಗುವುದೆಂದೂ ಮಾತಾಯಿತು. ಅಜ್ಜಿ ನನ್ನನ್ನು ಬಹಳ ಹೊತ್ತು ನೋಡಿ, “ನೀವು ಈಕಿಗೆ ಏನಾಗಬೇಕ್ರಿ ಯಪ್ಪಾ?” ಎಂದು ಕೇಳಿದರು. ಆಕೆಯ ವಕೀಲ ಎಂದೆ. ಹುಡುಗಿಯ ಮೇಲೆ ಏನಾದರೂ ಕೇಸು ಆಗಿದೆಯೇ ಎಂದು ಅವರು ಹೆದರಿದರು. ತಿಳಿಸಿ ಹೇಳುವಷ್ಟರಲ್ಲಿ ಚಹಾ ಆರಿಹೋಗಿತ್ತು.

ಪರೀಕ್ಷೆ ಬರೆದಳು, ಆಯ್ಕೆಯಾದಳು. ಆದರೆ ಮೊದಲ ವರ್ಷದ ಹಣ ಬರಲಿಲ್ಲ. ಶಾಲೆಯ ದಾಖಲಾತಿ ಪುಸ್ತಕದಲ್ಲಿ ಅವಳಿಗೆ ಮನೆದೇವರ ಹೆಸರು, ಆಧಾರ್ ಕಾರ್ಡಿನಲ್ಲಿ ಮನೆಯಲ್ಲಿ ಕರೆಯುವ ಹೆಸರು. ಬ್ಯಾಂಕಿನ ಪಾಸ್‌ಬುಕ್ಕಿನಲ್ಲಿ ಆಧಾರಿನ ಹೆಸರಿನ ಮುಂದೆ ತಂದೆಯ ಹೆಸರಿನ ಬದಲು ಊರಿನ ಹೆಸರು. ಮೂರು ಕಾಗದಗಳಲ್ಲಿ ಮೂವರು ಹುಡುಗಿಯರು. ಅವಳ ತಂದೆ ಒಂದು ಕಚೇರಿಗೆ ನಾಲ್ಕು ಸಲ ಹೋಗಿ ಬಂದಿದ್ದರು. ಪ್ರತಿ ಸಲವೂ ಅವರಿಗೆ ಇನ್ನೊಂದು ಕಚೇರಿಯ ದಾರಿ ತೋರಿಸಿದ್ದರು. ಒಂದು ದಿನದ ಕೂಲಿ, ಬಸ್ಸಿನ ಖರ್ಚು, ಸಂಜೆಗೆ ಬರಿಗೈ. ಐದನೆಯ ಸಲ ನಾನು ಜೊತೆಗೆ ಹೋದೆ. ಮೂರೂ ಹೆಸರುಗಳು ಒಬ್ಬಳವೇ ಎಂಬ ಪ್ರಮಾಣಪತ್ರವನ್ನು ಕೋರ್ಟಿನ ಹೊರಗೆ ಬೇವಿನ ಮರದ ಕೆಳಗೆ ಕೂರುವ ಟೈಪಿಸ್ಟರಿಂದ ಹೊಡೆಸಿ, ನೋಟರಿ ಮಾಡಿಸಿ, ಮೊದಲು ಆಧಾರ್, ಆಮೇಲೆ ಬ್ಯಾಂಕು, ಕಡೆಗೆ ಅರ್ಜಿ ಎಂಬ ಕ್ರಮದಲ್ಲಿ ತಿದ್ದಿಸಿದೆವು. ಕ್ರಮ ತಪ್ಪಿದರೆ ಎಲ್ಲವೂ ಮೊದಲಿನಿಂದ. ಒಟ್ಟು ಆರು ವಾರ ಹಿಡಿಯಿತು. ಕಾನೂನಿನ ಯಾವ ಕಠಿಣ ಪ್ರಶ್ನೆಯೂ ಇದರಲ್ಲಿ ಇರಲಿಲ್ಲ. ಕಾಗದಕ್ಕೆ ಅಂಜದ ಒಬ್ಬ ಮನುಷ್ಯ ಮಗ್ಗುಲಲ್ಲಿ ನಿಂತಿರಬೇಕಿತ್ತು, ಅಷ್ಟೇ.

ನಮ್ಮ ಕಡೆ ಶಿಕ್ಷಣಕ್ಕೆ ದಾನ ಕೊಡುವ ಮನಸ್ಸಿನವರಿಗೆ ಕೊರತೆಯಿಲ್ಲ. ಶಾಲೆಗೆ ಕೋಣೆ ಕಟ್ಟಿಸಿಕೊಟ್ಟ ಗೌಡರಿದ್ದಾರೆ, ಪ್ರಸಾದ ನಿಲಯ ನಡೆಸುವ ಮಠಗಳಿವೆ, ಪ್ರತಿ ಆಗಸ್ಟಿನಲ್ಲಿ ನೋಟುಬುಕ್ಕು ಹಂಚುವ ಗೆಳೆಯರ ಬಳಗಗಳಿವೆ. ಅವರೆಲ್ಲರ ಮೇಲೆ ನನಗೆ ಗೌರವವಿದೆ. ನಾನು ಅವರಲ್ಲಿ ಕೇಳಿಕೊಳ್ಳುವುದು ಇನ್ನೊಂದು ಬಗೆಯ ದಾನವನ್ನು: ವರ್ಷಕ್ಕೆ ಒಂದೇ ಮಗುವಾಗಲಿ, ಅದರ ತಾರೀಖುಗಳನ್ನು ನಿಮ್ಮವೇ ಎಂದುಕೊಳ್ಳಿ. ವಕೀಲರ ಸಂಘದ ಗೆಳೆಯರೊಡನೆ ಈ ಮಾತು ತೆಗೆದಾಗ, ಇದು ಶಿಕ್ಷಕರ ಕೆಲಸವಲ್ಲವೇ ಎಂದು ಒಬ್ಬರು ಕೇಳಿದರು. ಐದು ತರಗತಿಗೆ ಇಬ್ಬರೇ ಶಿಕ್ಷಕರಿರುವ ಶಾಲೆಯ ಮುಖ್ಯೋಪಾಧ್ಯಾಯರು ಬಿಸಿಯೂಟದ ಲೆಕ್ಕ ಬರೆದು, ಜನಗಣತಿಗೂ ಚುನಾವಣೆಗೂ ಓಡಾಡಿ, ಉಳಿದ ಹೊತ್ತಿನಲ್ಲಿ ಪಾಠ ಹೇಳುತ್ತಾರೆ. ಅವರಿಂದ ಇನ್ನಷ್ಟನ್ನು ಕೇಳಲು ನನಗೆ ಮನಸ್ಸು ಬರುವುದಿಲ್ಲ. ಹಾಗೆ ಕೇಳಿದ ಗೆಳೆಯರೇ ಈ ವರ್ಷ ಇಬ್ಬರು ಮಕ್ಕಳ ಕಾಗದಗಳನ್ನು ವಹಿಸಿಕೊಂಡಿದ್ದಾರೆ ಎಂಬುದನ್ನೂ ಹೇಳಬೇಕು.

ಹುಡುಗಿ ಈಗ ನಗರದ ಹಾಸ್ಟೆಲ್ಲಿನಲ್ಲಿದ್ದು ಗಣಿತ ತೆಗೆದುಕೊಂಡು ಪದವಿ ಓದುತ್ತಿದ್ದಾಳೆ. ನವೋದಯದ ಏಳು ವರ್ಷಗಳು ಅವಳಿಗೆ ಸಿಕ್ಕಿದ್ದರೆ ಇಂದು ಎಲ್ಲಿರುತ್ತಿದ್ದಳು ಎಂಬ ಯೋಚನೆ ನನಗೆ ಬರುತ್ತದೆ. ಅವಳಿಗೂ ಬರುತ್ತದೆಯೋ ಏನೋ, ಒಮ್ಮೆಯೂ ಆ ಮಾತು ಎತ್ತಿಲ್ಲ. ಚಿಕ್ಕಪ್ಪನ ಪರಿಹಾರದ ಪ್ರಕರಣ ಮುಗಿದು ಬಹಳ ಕಾಲವಾದರೂ ರಜೆಗೆ ಊರಿಗೆ ಹೋಗುವ ಮುಂಚೆ ನನ್ನ ಕೋಣೆಗೆ ಬಂದು, ಮೇಜಿನ ಮೇಲಿನ ಪರಿಹಾರದ ಲೆಕ್ಕಗಳನ್ನು ತಾನಾಗಿಯೇ ಒಮ್ಮೆ ತಾಳೆ ನೋಡಿ ಹೋಗುತ್ತಾಳೆ.

ಈ ವರ್ಷ ನನ್ನ ಪಾಲಿಗೆ ಮೂವರು ಮಕ್ಕಳು. ಕೋರ್ಟಿನ ಡೈರಿಯಲ್ಲಿ, ದಾವೆಗಳ ತಾರೀಖುಗಳ ನಡುವೆಯೇ, ಅವರ ಪರೀಕ್ಷೆಯ ತಾರೀಖನ್ನೂ ಬರೆದಿದ್ದೇನೆ. ಪ್ರತಿ ಹೆಸರಿನ ಎದುರು ತಂದೆಯ ಫೋನು, ಮುಕಾದಮನ ಫೋನು, ಗುಳೆ ಹೋಗುವ ಊರು, ಪರೀಕ್ಷೆಯ ಹಿಂದಿನ ರಾತ್ರಿ ಮಗು ಯಾರ ಮನೆಯಲ್ಲಿ ಇರುತ್ತದೆ, ಬೆಳಿಗ್ಗೆ ಯಾವ ಬಸ್ಸು ಎಂಬ ವಿವರ. ಇಬ್ಬರ ಸಾಲು ತುಂಬಿದೆ. ಮೂರನೆಯವನ ಅಜ್ಜಿಗೆ ಕಣ್ಣು ಮಂಜಾಗಿದೆ, ಹುಡುಗನನ್ನು ಇಟ್ಟುಕೊಳ್ಳಲು ಆಗುವುದಿಲ್ಲ ಎಂದಿದ್ದಾರೆ. ಪಕ್ಕದ ಓಣಿಯಲ್ಲಿ ಅವನ ಸೋದರತ್ತೆ ಇದ್ದಾರಂತೆ. ಈ ರವಿವಾರ ಅಲ್ಲಿಗೆ ಹೋಗಿ ಕೇಳಬೇಕು.